ಗಿಡ ಬಾಡಿದ್ರ ಮೊದಲ ನೀರಿನ ಚರಗಿ ಕೆಳಗ ಇಡ್ರಿ

ಮಾನ್ಯ ಸಂಪಾದಕರಿಗೆ ನಮಸ್ಕಾರ ರೀ,

ಹೋದ ತಿಂಗಳು ನಿಮ್ಮ ಪೇಪರಿನ್ಯಾಗ ಬ್ಯಾಸಗಿ ಗಾರ್ಡನ್ ಟಿಪ್ಸ್ ಅಂತ ಒಂದು ಸಣ್ಣ ಬಾಕ್ಸ್ ಬಂದಿತ್ತಲ್ರಿ, "ಎಲೆ ಬಾಡಿದರೆ ದಿನಕ್ಕೆ ಎರಡು ಬಾರಿ ನೀರು ಹಾಕಿ" ಅಂತ. ಅದನ್ನ ಓದಿ ನಮ್ಮ ಬಾಜೂಮನಿ ವೈನಿ ತಮ್ಮ ದಾಸಾಳ ಗಿಡಕ್ಕ ಎಂಟು ದಿನ ಬಿಡಲಾರದ ಎರಡೆರಡು ಚರಗಿ ಹಾಕಿದ್ರು, ಒಂಬತ್ತನೇ ದಿನಕ್ಕ ಅದು ಮೊದಲಿಗಿಂತ ಜೋತು ಬಿದ್ದಿತ್ತು. ನಿಮ್ಮ ಮ್ಯಾಲ ಸಿಟ್ಟೇನಿಲ್ರಿ, ನಾನೂ ಎಷ್ಟೋ ವರ್ಷ ಹಿಂಗ ನೀರು ಹಾಕಿ ಹಾಕೇ ಗಿಡಾ ಕೊಂದಾಕಿ. ಅದಕ್ಕ ಬರಿಯಾಕತ್ತೇನಿ.

ಇಬ್ರೂ ಕೂಡಿ ಪಾಟ್ ಅಡ್ಡ ಹಾಕಿ ಬಡದು ಗಿಡ ಹೊರಗ ತಗದ್ವಿ. ಮ್ಯಾಲ ಒಂದು ಪದರ ಬಿಸಲಿಗೆ ಒಣಗಿತ್ತು, ಎರಡು ಬೆರಳು ಕೆಳಗ ಹೋದ್ರ ಪೂರಾ ಕೆಸರು, ಗಟಾರದ ವಾಸನಿ. ಬೇರು ಹಿಡದು ಸಣ್ಣಗ ಎಳದ್ರ ಮ್ಯಾಲಿನ ಸಿಪ್ಪಿ ಜಾರಿ ಕೈಯಾಗ ಬಂತು, ಒಳಗ ದಾರದಂಥಾ ಒಂದು ಎಳಿ ಉಳೀತು ಅಷ್ಟ. ವೈನಿ "ಅಯ್ಯ, ಇದು ಕೊಳತೈತಲ್ಲ, ನಾ ನೀರಡಿಕಿ ಅಂತ ತಿಳದಿದ್ದೆ" ಅಂದ್ರು. ಬೇರಿಗೂ ಗಾಳಿ ಬೇಕ್ರಿ, ಮಣ್ಣಾಗ ಪೂರಾ ನೀರು ತುಂಬಿದ್ರ ಅದು ಉಸಿರು ಕಟ್ಟಿ ಕೊಳೀತೈತಿ, ಕೊಳತ ಬೇರು ನೀರು ಮ್ಯಾಲ ಎಳ್ಯಾಂಗಿಲ್ಲ, ಎಲಿ ಜೋತು ಬೀಳ್ತೈತಿ, ನಾವು ನೋಡಿ ಮತ್ತೊಂದು ಚರಗಿ ಹಾಕ್ತೀವಿ. ಗಿಡ ನೀರಾಗ ನಿಂತು ನೀರಡಿಸಿ ಸಾಯ್ತೈತಿ.

ನಮ್ಮ ಹುಬ್ಬಳ್ಳಿ ಕಡೆ ಇದು ಜಾಸ್ತಿ ಯಾಕಂದ್ರ ಎರಿ ಮಣ್ಣು, ಅಂದ್ರ ಕರೀ ಜಿಗಟು ಮಣ್ಣು. ನನ್ನ ತವರುಮನಿ ಗದಗ ಕಡೆ, ಅಲ್ಲೆ ಹಿಂಗಾರಿ ಜ್ವಾಳ ಕಡ್ಲಿ ಬಿತ್ತಿದ್ರ ಮ್ಯಾಲ ಮಳಿ ಇಲ್ಲದನೂ ಬೆಳೀತಾವ, ಎರಿ ಭೂಮಿ ಹಸಿ ಅಷ್ಟು ಹಿಡದಿಟ್ಟಿರ್ತೈತಿ. ಹೊಲದಾಗ ಅದು ಬಂಗಾರ. ಅದನ್ನ ಒಯ್ದು ಪ್ಲಾಸ್ಟಿಕ್ ಪಾಟಿಗೆ ತುಂಬಿದ್ರ ನೀರು ಇಳ್ಯಾಕ ಜಾಗಾನ ಇಲ್ಲ. ಇನ್ನ ಒಣಗಿತು ಅಂದ್ರ ಅದರ ಆಟಾನ ಬ್ಯಾರೆ, ಮಣ್ಣು ಕುಗ್ಗಿ ಪಾಟಿನ ಗ್ವಾಡಿ ಬಿಟ್ಟು ನಿಲ್ತೈತಿ, ಹಾಕಿದ ನೀರು ಸಂದ್ಯಾಗ ಹಾದು ಕೆಳಗಿನ ತೂತಿನಾಗಿಂದ ಹೋಗಿಬಿಡ್ತೈತಿ, ನಾವು ಕೆಳಗ ನೀರು ಬಂತಲ್ಲ ಸಾಕು ಅಂತೀವಿ, ನಡುವಿನ ಹೆಂಟಿ ಮಾತ್ರ ಒಣಾ ಒಣಾ. ಅಂಥಾ ಪಾಟನ್ನ ಬಕೆಟ್ ನೀರಾಗ ಅರ್ಧಾ ತಾಸು ಮುಳುಗಿಸಿ ಇಡ್ಬೇಕು, ಗುಳ್ಳಿ ಬರೂದು ನಿಂತ ಮ್ಯಾಲ ತಗೀಬೇಕು. ನಾನಂತೂ ಈಗ ಮಸಾರಿ (ಕೆಂಪು) ಮಣ್ಣು, ಉಸುಕು, ಚಲೋ ಕಳತ ತಿಪ್ಪಿಗೊಬ್ಬರ ಮೂರೂ ಸಮಾ ಕೂಡಿಸಿ ತುಂಬ್ತೇನಿ.

ಮತ್ತ ನಳ ಬರೂ ದಿನದ ಕಥಿ ನಿಮಗೂ ಗೊತ್ತಿದ್ದದ್ದ. ಹೊಸಾ ನೀರು ಬಂತಂದ್ರ ಬ್ಯಾರಲ್ ಒಳಗಿನ ಹಳೇ ನೀರು ಚೆಲ್ಲಾಕ ಮನಸು ಬರೂದಿಲ್ಲ, ಎಲ್ಲಾ ಗಿಡಕ್ಕ. ಬೇಕೋ ಬ್ಯಾಡೋ ಕೇಳಾವ್ರ್ಯಾರು. ನಾನೂ ಮಾಡ್ತೇನಿ, ಆದ್ರ ಈಗ ಬೆರಳು ಮಣ್ಣಾಗ ಎರಡು ಗಿಣ್ಣಿನ ತನಕ ಚುಚ್ಚಿ ನೋಡಿ, ತಂಪಿತ್ತಂದ್ರ ಆ ಗಿಡ ಬಿಟ್ಟು ಮುಂದ ಹೋಗ್ತೇನಿ.

ಇನ್ನ ಸೌತಿ, ಕುಂಬಳ ಬಳ್ಳಿ ಮಧ್ಯಾಹ್ನ ಎರಡಕ್ಕ ಬಾಡಿದ್ರ ಗಾಬರಿ ಆಗಬ್ಯಾಡ್ರಿ, ಸಂಜಿಗೆ ತಾವ ಎದ್ದು ನಿಲ್ತಾವ. ನಸುಕಿನ್ಯಾಗ ನೋಡಿದ್ರೂ ಬಾಡಿದಂಗ ಇತ್ತಂದ್ರ ಅವಾಗ ಏನೋ ಐತಿ ಅಂತ ತಿಳೀರಿ. ಬದ್ನಿ ಗಿಡದ ಬರೇ ತುದಿ ಜೋತು ಬಿದ್ದಿದ್ರ ಆ ತುದಿ ಸೀಳಿ ನೋಡ್ರಿ, ಒಳಗ ಹುಳ ಕುಂತಿರ್ತೈತಿ. ತುದಿ ಚಿವುಟಿ ಸುಟ್ಟು ಹಾಕ್ರಿ, ಮುಗೀತು.

ನನ್ನ ತಲಿ ಕೆಡಿಸಿದ್ದು ಟೊಮ್ಯಾಟೊ. ಹೋದ ವರ್ಷ ಹಿತ್ತಲದಾಗಿನ ಆರು ಗಿಡ, ಎಲಿ ಹಸರು ಹಸರು ಇರೂವಾಗನ ಒಂದೊಂದಾಗಿ ಎರಡು ಮೂರು ದಿನದಾಗ ಕುಸದು ಬಿದ್ವು. ಒಂದು ಗೊಬ್ಬರದ ಅಂಗಡಿಗೆ ಹೋದ್ರ ಅಂವಾ ಗಿಡಾ ನೋಡ್ಲಿಲ್ಲ, ಬೇರು ಕೇಳ್ಲಿಲ್ಲ, ಎಲಿಗೆ ಹೊಡಿಯೂ ಎರಡು ಔಷಧ ಮತ್ತ ಒಂದು ಟಾನಿಕ್ ಕೊಟ್ಟು ಆರುನೂರ ಚಿಲ್ಲರ ತಗೊಂಡ. ಒಂದೂ ಉಳೀಲಿಲ್ಲ. ಕಡೀಕೆ ನನಗ ನೆಪ್ಪಾದದ್ದು ನಮ್ಮಪ್ಪ. ಕಡ್ಲಿಗೆ ಸಿಡಿ ರೋಗ ಬಂದ್ರ ಅಪ್ಪ ಬಾಡಿದ ಗಿಡ ಕಿತ್ತು ಬೇರು ಉದ್ದಕ್ಕ ಸೀಳಿ, ನಡುವ ಕರೀ ಗೆರಿ ಕಾಣಿಸ್ತು ಅಂದ್ರ "ಇದು ಮಣ್ಣಿನ ರೋಗ, ಮ್ಯಾಲ ಏನ್ ಹೊಡದ್ರೂ ದಂಡ" ಅಂತಿದ್ದ. ಅದಕ್ಕ ನಾನೂ ಟೊಮ್ಯಾಟೊ ಕಾಂಡ ಬುಡದಾಗ ಕೊಯ್ದು, ಗಾಜಿನ ಗ್ಲಾಸಿನ್ಯಾಗ ತಿಳಿ ನೀರು ತುಂಬಿ, ಕೊಯ್ದ ತುದಿ ಅದರಾಗ ಮುಳುಗುವಂಗ ಹಿಡಕೊಂಡು ನಿಂತೆ. ಐದು ನಿಮಿಷ ಆಗಿರಬೇಕು, ಬೆಳ್ಳಗ ಎಳಿ ಎಳಿಯಾಗಿ ಕೆಳಗ ಇಳ್ಯಾಕತ್ತಿತು, ಊದಿನಕಡ್ಡಿ ಹೊಗಿ ತಲಿಕೆಳಗ ಬಂದಂಗ. ಮೊಮ್ಮಗ "ಅಮ್ಮಾ, ಟೊಮ್ಯಾಟೊ ಹಾಲು ಕೊಡಾಕತ್ತೈತಿ" ಅಂದ. ಅದು ಹಾಲಲ್ರಿ, ಬ್ಯಾಕ್ಟೀರಿಯಾ. ಕಾಂಡದಾಗಿನ ನೀರಿನ ಪೈಪು ಬಂದ್ ಮಾಡಿ ಕುಂತಿರ್ತಾವ.

ಈ ರೋಗಕ್ಕ ಔಷಧ ಇಲ್ಲ. ಗಿಡ ಬುಡದ ಮಣ್ಣು ಸಮೇತ ಕಿತ್ತು ತಿಪ್ಪಿಗೆ ಹಾಕದ ದೂರ ಒಯ್ದು ಹುಗೀಬೇಕು, ಚಾಕು ತೊಳೀಬೇಕು, ಆ ಜಾಗದಾಗ ಕೆಲವು ವರ್ಷ ಟೊಮ್ಯಾಟೊ, ಬದ್ನಿ, ಮೆಣಸಿನಗಿಡ, ಆಲೂಗಡ್ಡಿ ಹಚ್ಚಬಾರದು, ಎಲ್ಲಾ ಒಂದ ಕುಲದವು. ನಾನು ಅಲ್ಲೆ ಈಗ ಉಳ್ಳಾಗಡ್ಡಿ ಹಚ್ಚೇನಿ. ಟೊಮ್ಯಾಟೊ ಬೇಕಾ ಬೇಕು ಅಂದ್ರ ಬ್ಯಾರೆ ಮಣ್ಣಿನ ಪಾಟಿನ್ಯಾಗ, ಅದೂ ಬೆಂಗಳೂರಿನ ತೋಟಗಾರಿಕಿ ಸಂಶೋಧನಾ ಸಂಸ್ಥೆಯವ್ರು ತಗದ ಅರ್ಕಾ ರಕ್ಷಕ್ ಬೀಜ, ಅದು ಈ ರೋಗ ತಡಕೊಳ್ಳುವಂಥಾದ್ದು.

ನನ್ನ ವಿನಂತಿ ಇಷ್ಟ ರೀ. ಟಿಪ್ಸ್ ಹಾಕೂದಾದ್ರ ಬೇರು ನೋಡೂದು, ಕಾಂಡ ಕೊಯ್ಯೂದು ಫೋಟೋ ಸಮೇತ ಹಾಕ್ರಿ. ಧಾರವಾಡದಾಗ ಕೃಷಿ ವಿಶ್ವವಿದ್ಯಾಲಯನ ಐತಿ, ಅಲ್ಲಿಯವ್ರ ಕಡಿಂದ ವಾರಕ್ಕೊಂದು ಗಿಡದ ಮ್ಯಾಲ ನಾಕು ಸಾಲು ಬರಸ್ರಿ. ಅಡ್ವರ್ಟೈಸ್‌ಮೆಂಟ್ ಟಾನಿಕ್‌ಗಿಂತ ಅದನ್ನ ಮಂದಿ ಕತ್ತರಿಸಿ ಇಟ್ಕೋತಾರ.

ವೈನಿ ದಾಸಾಳದ ಕೊಳತ ಬೇರೆಲ್ಲಾ ಕತ್ತರಿಸಿ, ಟೊಂಗಿ ಮೂರರಾಗ ಒಂದು ಪಾಲು ಕಡದು, ಹೊಸಾ ಮಣ್ಣಿಗೆ ಹಾಕಿ ನೆರಳಿಗೆ ಇಟ್ಟೀವಿ, ಗೊಬ್ಬರ ಮುಟ್ಟಿಸಿಲ್ಲ. ಒಂದು ಟೊಂಗಿ ಒಣಗೇ ಹೋತು, ಇನ್ನೊಂದರಾಗ ನಿನ್ನೆ ಎರಡು ಚಿಗುರು ಕಂಡಾವ. ವೈನಿ ಚರಗಿ ಹಿಡಕೊಂಡು ಬರೂದು ಇನ್ನೂ ಬಿಟ್ಟಿಲ್ಲ, ನಾ ಕಾಂಪೌಂಡ್ ಮ್ಯಾಲಿಂದ "ಬೆರಳು, ವೈನಿ, ಬೆರಳು" ಅಂತ ಒದರ್ತೇನಿ.

ಇಂತಿ ನಿಮ್ಮ ಓದುಗಳು,
ಹುಬ್ಬಳ್ಳಿ