ಇನ್ನೇನಾದರೂ ಸಹಾಯ ಬೇಕಾ?

ಪ್ರೀತಿಯ ತಮ್ಮಾ,

ನೀನು ಬರೆದು ಕಳಿಸಿದ ಕತೆಯನ್ನು ಎರಡು ಸಲ ಓದಿದೆ. ಮನೆ, ಕೆಲಸ, ಒಳ್ಳೆಯ ಗಂಡ, ಚೆನ್ನಾಗಿ ಓದುವ ಮಕ್ಕಳು, ಯಾವುದಕ್ಕೂ ಕೊರತೆಯಿಲ್ಲದ ಹೆಂಗಸು. ಆದರೂ ಒಳಗೆ ಏನೋ ಖಾಲಿ. ಇದನ್ನು ಬರೆಯುವುದು ಕಷ್ಟ, ಯಾಕೆಂದರೆ ಇಲ್ಲಿ ಏನೂ ನಡೆಯುವುದಿಲ್ಲ. ನೀನೂ ಅದಕ್ಕೇ ಹೆದರಿದ್ದೀಯ ಅಂತ ಕಾಣುತ್ತದೆ. ಒಂಬತ್ತನೇ ಪುಟದಲ್ಲಿ ಇದ್ದಕ್ಕಿದ್ದಂತೆ ಗಂಡನಿಗೆ ಇನ್ನೊಂದು ಸಂಬಂಧ ಹುಟ್ಟಿಸಿಬಿಟ್ಟೆ.

ಅದನ್ನು ತೆಗೆದುಹಾಕು. ನಾನೂ ಈ ತಪ್ಪು ಮಾಡಿದವನೇ. ಮೊದಮೊದಲ ಕತೆಯೊಂದರಲ್ಲಿ ಸುಮ್ನೆ ಒಬ್ಬ ಕುಡುಕ ಗಂಡನನ್ನು ತಂದು ಕೂರಿಸಿದ್ದೆ. ಕಾರಣವಿಲ್ಲದ ಬೇಸರವನ್ನು ಯಾರೂ ನಂಬುವುದಿಲ್ಲ ಅನ್ನುವ ಭಯ. ಓದಿದ ಹಿರಿಯರೊಬ್ಬರು ಪುಟದ ಅಂಚಿನಲ್ಲಿ 'ಇವನ್ಯಾಕೆ ಬಂದ?' ಎಂದಷ್ಟೇ ಬರೆದು ವಾಪಸ್ ಕಳಿಸಿದರು. ಒಂದು ವಾರ ಸಿಟ್ಟಲ್ಲಿದ್ದೆ. ಕೆಟ್ಟ ಗಂಡ ಬಂದ ಕೂಡಲೇ ಅವಳ ಬೇಸರಕ್ಕೆ ಉತ್ತರ ಸಿಕ್ಕಿಬಿಡುತ್ತದೆ, ಕತೆ ಅಲ್ಲಿಗೇ ಮುಗಿಯುತ್ತದೆ. ಇದು ತಿಳಿಯಲು ನನಗೆ ವರ್ಷಗಳೇ ಹಿಡಿದವು.

ಇನ್ನೊಂದು. ಅವಳಿಗೆ ಗೆಳತಿಯರೇ ಇಲ್ಲ ಅಂತ ಬರೆದಿದ್ದೀಯ. ಯಾಕೆ ಇರಬಾರದು? ರಾಬರ್ಟ್ ವೈಸ್ ಎಂಬ ಸಮಾಜಶಾಸ್ತ್ರಜ್ಞ 1973ರಲ್ಲೇ ಒಂಟಿತನವನ್ನು ಎರಡಾಗಿ ಬಿಡಿಸಿ ತೋರಿಸಿದ್ದರು. ಜೊತೆಗೆ ನಾಲ್ಕು ಜನ ಇಲ್ಲದ್ದು ಒಂದು. ಮನಸ್ಸಿಗೆ ಹತ್ತಿರದ ಒಬ್ಬರಿಲ್ಲದ್ದು ಇನ್ನೊಂದು. ಒಂದನ್ನು ತುಂಬಿದರೆ ಇನ್ನೊಂದು ತುಂಬುವುದಿಲ್ಲ. ಹಾಗಾಗಿ ಅವಳಿಗೆ ಗೆಳತಿಯರನ್ನು ಕೊಡು. ಅವರ ಜೊತೆ ಜೋರಾಗಿ ನಗಲಿ.

'ಅವಳನ್ನು ಒಂಟಿತನ ಕಾಡುತ್ತಿತ್ತು' ಅನ್ನುವ ಸಾಲು ಐದು ಕಡೆ ಇದೆ. ಐದನ್ನೂ ಹೊಡೆದುಹಾಕು.

ನಾಲ್ಕನೇ ಪುಟಕ್ಕೆ ಹೋಗು. ವಾಷಿಂಗ್ ಮೆಷಿನ್ ಕೆಟ್ಟು ಅವಳು ಕಸ್ಟಮರ್ ಕೇರ್‌ಗೆ ಫೋನ್ ಮಾಡುತ್ತಾಳೆ, ಅಲ್ವಾ? ಒಂದೇ ಸಾಲಲ್ಲಿ ದಾಟಿಬಿಟ್ಟಿದ್ದೀಯ. ಅಲ್ಲೇ ನಿಲ್ಲು. ದೂರು ಬರೆಸಿ ಆಯಿತು. ಆ ಕಡೆಯ ಹುಡುಗ ಎಲ್ಲರಿಗೂ ಹೇಳುವ ಮಾತನ್ನೇ ಇವಳಿಗೂ ಹೇಳುತ್ತಾನೆ: 'ಇನ್ನೇನಾದರೂ ಸಹಾಯ ಬೇಕಾ ಮೇಡಂ?' ಅವಳು ತಕ್ಷಣ ಬೇಡ ಅನ್ನುವುದಿಲ್ಲ. ಮೆಷಿನ್ ಮೇಲೆ ಚೆಲ್ಲಿದ ಸೋಪಿನ ಪುಡಿಯನ್ನು ಬೆರಳಲ್ಲಿ ಗುಡ್ಡೆ ಮಾಡುತ್ತಾಳೆ. 'ಹಲೋ, ಲೈನಲ್ಲಿದ್ದೀರಾ?' 'ಇದ್ದೀನಿ' ಅನ್ನುತ್ತಾಳೆ. ಆಮೇಲೆ, ಆಗಲೇ ಹೇಳಿದ್ದ ಮಾಡೆಲ್ ನಂಬರನ್ನು ಇನ್ನೊಮ್ಮೆ ಹೇಳುತ್ತಾಳೆ.

ಇಷ್ಟೇ ಸಾಕು. ಅಳುವುದು ಬೇಡ. ಕಿಟಕಿ ಬಳಿ ನಿಂತು ಮಳೆ ನೋಡುವುದಂತೂ ಬೇಡವೇ ಬೇಡ.

ರಾತ್ರಿ ಗಂಡ 'ಏನಂದ್ರು?' ಅಂತ ಕೇಳಲಿ. 'ನಾಳೆ ಬರ್ತಾರಂತೆ' ಅನ್ನಲಿ. ರಿಪೇರಿಯವನು ಬಂದಾಗ ಅವಳು ಏನು ಮಾಡುತ್ತಾಳೋ ನನಗೂ ಗೊತ್ತಿಲ್ಲ. ಬರೆದು ಕಳಿಸು, ಓದುತ್ತೇನೆ.

ಇಂತಿ,
ನಿನ್ನಣ್ಣ