ನೀನು ಬರೆದರೆ ಶಾಲೆ ಮುಚ್ಚುತ್ತದಾ?

ಚಿ. ಸೌ. ಸುಮಾಳಿಗೆ ನಿನ್ನ ಚಿಕ್ಕಪ್ಪನ ಆಶೀರ್ವಾದಗಳು.

ಮನೆಯ ಸುದ್ದಿ ಬರೆಯುವುದಿಲ್ಲ. ನಿಮ್ಮಮ್ಮನ ಹತ್ತಿರ ದಿನಾ ಮಾತಾಡುತ್ತೀಯ, ನನಗಿಂತ ಜಾಸ್ತಿ ನಿನಗೇ ಗೊತ್ತಿರುತ್ತದೆ. ನಿನ್ನ ಪತ್ರದ ಕೊನೆಯಲ್ಲಿ, ಮಗುವಿನ ಹಲ್ಲಿನ ವಿಷಯಕ್ಕೂ ಶಾಲೆಯ ನೀರಿನ ಟ್ಯಾಂಕಿನ ವಿಷಯಕ್ಕೂ ನಡುವೆ ಒಂದು ಮಾತು ಬರೆದಿದ್ದೀಯ. "ಜೊತೆಗಿರುವ ಮೇಷ್ಟ್ರ ಮೇಲೆ ನಾನು ರಿಪೋರ್ಟ್ ಹಾಕಿದರೆ ಶಾಲೆ ಮುಚ್ಚಿಹೋಗುತ್ತೆ ಚಿಕ್ಕಪ್ಪ, ಟೀಚರಮ್ಮನೇ ಮುಚ್ಚಿಸಿದ್ದು ಅಂತ ಊರು ಹೇಳುತ್ತೆ." ಅಷ್ಟು ಬರೆದು ಟ್ಯಾಂಕಿಗೆ ಹೋಗಿಬಿಟ್ಟಿದ್ದೀಯ. ನನಗೆ ಅಲ್ಲಿಂದ ಮುಂದೆ ಓದಲು ಆಗಲಿಲ್ಲ.

ಧೈರ್ಯವಾಗಿರು, ಸತ್ಯಕ್ಕೆ ಜಯ ಅಂತ ಬರೆದು ಕಳಿಸಬಹುದಿತ್ತು. ರಿಟೈರ್ ಆದ ಹೆಡ್‌ಮಾಸ್ಟರಿಗೆ ಅದಕ್ಕೇನು ಖರ್ಚು? ಆದರೆ ನಿನ್ನ ಭಯ ಸುಳ್ಳಲ್ಲ ಅಂತ ನನಗೆ ಗೊತ್ತು. ಇಬ್ಬರು ಮೇಷ್ಟ್ರ ಶಾಲೆಯಲ್ಲಿ ಒಬ್ಬರು ಅಮಾನತಾದರೆ ಅವರ ಹುದ್ದೆ ಖಾಲಿ ಅಂತ ಲೆಕ್ಕಕ್ಕೆ ಬರುವುದಿಲ್ಲ. ಅದು ಅವರ ಹೆಸರಿನಲ್ಲೇ ಇರುತ್ತದೆ. ವರ್ಗಾವಣೆ ಕೌನ್ಸೆಲಿಂಗ್‌ನಲ್ಲಿ ಬೇರೆಯವರು ಅಲ್ಲಿಗೆ ಬರುವಂತಿಲ್ಲ. ನೀನೊಬ್ಬಳೇ ಐದು ತರಗತಿ, ಅಕ್ಷರ ದಾಸೋಹದ ಲೆಕ್ಕ, ಹಾಲು, ಮೊಟ್ಟೆ, ಕಂಪ್ಯೂಟರಿನಲ್ಲಿ ಮಕ್ಕಳ ವಿವರ ತುಂಬುವ ಸ್ಯಾಟ್ಸ್ ಎಂಟ್ರಿ. ನೀನು ಮೀಟಿಂಗಿಗೆ ಹೋದ ದಿನ ಶಾಲೆಗೆ ಬೀಗ, ಇಲ್ಲವಾದರೆ ಅಡುಗೆಯವರೇ ಮೇಡಂ. ಎರಡು ಸಲ ಹಾಗಾದರೆ ಅಪ್ಪ ಅಮ್ಮಂದಿರು ಟಿಸಿ ಕೇಳುತ್ತಾರೆ. ಮುಂದಿನ ಜೂನ್‌ಗೆ ದಾಖಲಾತಿ ಇಳಿಯುತ್ತದೆ. ಆಮೇಲೆ ಯಾರೋ ಬಂದು, ಈ ಮಕ್ಕಳನ್ನು ಪಕ್ಕದೂರಿನ ಶಾಲೆಗೆ ಸೇರಿಸಿದರೆ ಹೇಗೆ ಮೇಡಂ ಅಂತ ಮೆಲ್ಲಗೆ ಕೇಳುತ್ತಾರೆ. ಇದೆಲ್ಲ ಆಗುವುದೇ. ನೀನು ಸುಮ್ನೆ ಹೆದರಿಕೊಂಡಿಲ್ಲ.

ಆದರೂ ನಿನ್ನ ಪತ್ರವನ್ನೇ ಇನ್ನೊಂದು ಸಲ ಓದು. ನಿನ್ನ ಜೊತೆಗಿನ ಆ ಮೇಷ್ಟ್ರು ವಾರಕ್ಕೆ ಎರಡು ದಿನ ಬರುತ್ತಾರೆ. ಸೋಮವಾರ ಬಂದು ಹಾಜರಿ ಪುಸ್ತಕದಲ್ಲಿ ಹಿಂದಿನ ವಾರದ ಖಾಲಿ ಮನೆಗಳಿಗೆಲ್ಲ ಸಹಿ ಹಾಕುತ್ತಾರೆ. ಬಂದ ದಿನವೂ ಬಾಯಲ್ಲಿ ಕುಡಿತದ ವಾಸನೆ. ನಾಲ್ಕನೇ ತರಗತಿಯ ಹುಡುಗನ ಕಿವಿ ಊದುವ ಹಾಗೆ ಹೊಡೆದಿದ್ದಾರೆ. ಜೂನ್‌ನಲ್ಲಿ 41 ಮಕ್ಕಳಿದ್ದರು, ಈಗ 33 ಅಂತ ನೀನೇ ಬರೆದಿದ್ದೀಯ. ಆ ಎಂಟು ಮಕ್ಕಳು ಖಾಸಗಿ ಶಾಲೆಯ ಹಳದಿ ವ್ಯಾನ್ ಹತ್ತಿದ್ದು ನಿನ್ನ ರಿಪೋರ್ಟಿನಿಂದಲಾ? ನೀನಿನ್ನೂ ಬರೆದೇ ಇಲ್ಲವಲ್ಲ.

ಮತ್ತೆ ಒಂದು ಕೇಳು. ಕಾಗದದ ಮೇಲೆ ನಿಮ್ಮ ಶಾಲೆಯಲ್ಲಿ ಇಬ್ಬರು ಶಿಕ್ಷಕರಿದ್ದಾರೆ. ಅದೇ ನಿನಗೆ ಮುಳುವಾಗಿರುವುದು. ಇಬ್ಬರಿದ್ದಾರಲ್ಲ ಅಂತ ಅತಿಥಿ ಶಿಕ್ಷಕರನ್ನು ಕೊಡುವುದಿಲ್ಲ, ಬೇರೆ ಶಾಲೆಯಿಂದ ನಿಯೋಜನೆ ಮೇಲೂ ಯಾರನ್ನೂ ಕಳಿಸುವುದಿಲ್ಲ. ತಿಂಗಳ ಕೊನೆಗೆ ಅವರ ಪೂರ್ತಿ ಹಾಜರಿಗೆ ಇನ್‌ಚಾರ್ಜ್ ಅಂತ ಸಹಿ ಹಾಕಿ ಸಂಬಳಕ್ಕೆ ಕಳಿಸುತ್ತಿರುವವಳು ನೀನು. ಹೀಗೆ ಹೇಳುತ್ತೇನೆ ಅಂತ ಬೇಜಾರು ಮಾಡಿಕೊಳ್ಳಬೇಡ. ನಾಳೆ ಯಾರಾದರೂ ಹೇಳದೆ ಕೇಳದೆ ತಪಾಸಣೆಗೆ ಬಂದರೆ ಕಾರಣ ಕೇಳಿ ನೋಟಿಸ್ ಬರುವುದು ನಿಮ್ಮಿಬ್ಬರಿಗೂ.

ನಮ್ಮ ಕಾಲದ ಒಂದು ಕಥೆ ನಿನಗೆ ಗೊತ್ತಿಲ್ಲ. ನಿಮ್ಮಪ್ಪನಿಗೆ ಸ್ವಲ್ಪ ಗೊತ್ತು. ತೊಂಬತ್ತರ ದಶಕದ ಮಧ್ಯದಲ್ಲಿ, ಅರಸೀಕೆರೆ ಕಡೆಯ ಒಂದು ಊರಿನಲ್ಲಿ ನಾನು ಹೆಡ್‌ಮಾಸ್ಟರ್ ಆಗಿದ್ದೆ. ಜೊತೆಗಿದ್ದ ಮೇಷ್ಟ್ರು ಲೆಕ್ಕದಲ್ಲಿ ಗಟ್ಟಿಗರು. ನನಗೆ ಅವರಷ್ಟು ಚೆನ್ನಾಗಿ ಭಿನ್ನರಾಶಿ ಹೇಳಿಕೊಡಲು ಎಂದೂ ಬರಲಿಲ್ಲ. ಆದರೆ ಕುಡಿತ. ಮೊದಲು ಸಂಜೆ, ಆಮೇಲೆ ಮಧ್ಯಾಹ್ನ, ಆಮೇಲೆ ಪ್ರಾರ್ಥನೆಗೆ ಮುಂಚೆಯೇ. ಎಲ್ಲರೂ ಒಂದೇ ಮಾತು ಹೇಳುತ್ತಿದ್ದರು: ಸಂಸಾರಸ್ಥರು ಸಾರ್, ಹೊಟ್ಟೆ ಮೇಲೆ ಹೊಡೀಬೇಡಿ. ಸಂಘದವರು ಬಂದು ಹೇಳಿದರು, ಊರ ಗೌಡರು ಹೇಳಿದರು, ಕೊನೆಗೆ ನಿನ್ನ ಚಿಕ್ಕಮ್ಮನೂ ಹೇಳಿದಳು. ಒಂದು ದಿನ ತರಗತಿಯಲ್ಲೇ ಬಿದ್ದರು. ಮಕ್ಕಳು ನಗಲಿಲ್ಲ. ಅವರನ್ನು ಎತ್ತಿ ಗೋಡೆಗೆ ಒರಗಿಸಿ, ಮಗ್ಗಿ ಬರೆಯುತ್ತಾ ಕೂತಿದ್ದರು. ಅವರಿಗದು ರೂಢಿಯಾಗಿತ್ತು. ಅವತ್ತು ರಾತ್ರಿ ನಾನು ಬರೆದೆ.

ಬರೆದದ್ದಕ್ಕೆ ಪಶ್ಚಾತ್ತಾಪ ಇದೆಯಾ ಅಂದರೆ, ಇಲ್ಲ. ಬೇರೆ ಸಂಕಟವಿದೆ. ಅಮಾನತು ಆದ ವಾರ ಅವರ ಹೆಂಡತಿ ನಮ್ಮ ಜಗಲಿಗೆ ಬಂದು ಕೂತರು, ಇಬ್ಬರು ಮಕ್ಕಳ ಜೊತೆ. ಒಂದೂ ಮಾತಾಡಲಿಲ್ಲ. ನಿನ್ನ ಚಿಕ್ಕಮ್ಮ ಕಾಫಿ ಕೊಟ್ಟಳು, ಕುಡಿದು ಹೋದರು. ಅಮಾನತಿನಲ್ಲಿ ಜೀವನಾಧಾರ ಭತ್ಯೆ ಅಂತ ಅರ್ಧ ಸಂಬಳ ಬರುತ್ತದೆ, ಪೂರ್ತಿ ಬೀದಿಗೆ ಬೀಳುವುದಿಲ್ಲ ಅಂತ ಅವರಿಗೆ ಹೇಳಬೇಕು ಅಂದುಕೊಂಡೆ. ಅದು ಅಂಥ ಹೊತ್ತಿನಲ್ಲಿ ಆಡುವ ಮಾತಾ ಹೇಳು. ಆಮೇಲೆ ಆ ಮೇಷ್ಟ್ರು ಬೇರೆ ತಾಲ್ಲೂಕಿನ ಶಾಲೆಗೆ ವಾಪಸ್ ಸೇರಿಕೊಂಡರು. ಅಲ್ಲಿನ ಮಕ್ಕಳ ಪಾಡು ಏನಾಯಿತೋ. ನಮ್ಮ ವ್ಯವಸ್ಥೆಯ ಮೇಲೆ ನನಗೆ ಇವತ್ತಿಗೂ ಸಿಟ್ಟಿರುವುದು ಇದಕ್ಕೇ. ಒಂದು ಊರಿನ ತಲೆನೋವನ್ನು ಇನ್ನೊಂದು ಊರಿಗೆ ಸಾಗಿಸಿ ಕಡತ ಮುಚ್ಚುತ್ತಾರೆ.

ನಮ್ಮ ಶಾಲೆ ಎಷ್ಟೋ ತಿಂಗಳು ನನ್ನೊಬ್ಬನ ಮೇಲೇ ನಡೆಯಿತು. ಕೆಲವು ಹುಡುಗರು ದನ ಕಾಯಲು ಹೋದವರು ತಿರುಗಿ ಬರಲಿಲ್ಲ. ಅವರಲ್ಲಿ ಒಬ್ಬ ಲೆಕ್ಕದಲ್ಲಿ ಬಲು ಚುರುಕು, ಆ ಮೇಷ್ಟ್ರ ಪ್ರೀತಿಯ ಹುಡುಗ. ಈಗ ಹೈವೇ ಪಕ್ಕ ಪಂಕ್ಚರ್ ಅಂಗಡಿ ಇಟ್ಟಿದ್ದಾನೆ. ಸಿಕ್ಕಾಗೆಲ್ಲ ಕಾಲಿಗೆ ನಮಸ್ಕಾರ ಮಾಡುತ್ತಾನೆ. ಒಂದು ಸಲ ಟ್ಯೂಬಿಗೆ ಗಾಳಿ ಹಿಡಿಯುತ್ತಾ, "ಆ ಮೇಷ್ಟ್ರು ಇದ್ದಿದ್ದರೆ ನಾನು ಓದಿರುತ್ತಿದ್ದೆ ಸಾರ್" ಅಂದ. ಬೈದು ಹೇಳಿದ್ದಲ್ಲ, ಸುಮ್ನೆ ಹೇಳಿದ್ದು. ನಾನು ದುಡ್ಡು ಕೊಟ್ಟು ಬಂದೆ.

ಆ ಶಾಲೆ ಮುಚ್ಚಿದ್ದು ತುಂಬಾ ವರ್ಷಗಳ ಮೇಲೆ. ಡಾಂಬರು ರಸ್ತೆ ಆಗಿ, ಟೌನಿನಿಂದ ಇಂಗ್ಲಿಷ್ ಮೀಡಿಯಂ ವ್ಯಾನ್ ಬರಲು ಶುರುವಾದ ಮೇಲೆ. ನಾನಾಗಲೇ ವರ್ಗವಾಗಿ ಬೇರೆ ಕಡೆ ಇದ್ದೆ. ಆದರೂ ಆ ಊರಿನ ಜಾತ್ರೆಗೆ ಹೋದರೆ ಒಬ್ಬಿಬ್ಬರು ಹಿರಿಯರು, ನಿಮ್ಮ ಕಾಗದದಿಂದಲೇ ಶಾಲೆ ಹೋಯಿತು ಅಂತ ಈಗಲೂ ಹೇಳುತ್ತಾರೆ. ಅದಕ್ಕೇ ಹೇಳುತ್ತಿದ್ದೇನೆ, ನಿನ್ನ ಭಯದಲ್ಲಿ ಎರಡು ಗಂಟು ಸೇರಿಕೊಂಡಿವೆ. ಶಾಲೆ ಮುಚ್ಚುತ್ತದಾ ಅನ್ನುವುದು ಒಂದು. ಅದಕ್ಕೆ ಏನಾದರೂ ಮಾಡಬಹುದು. ಊರು ನಿನ್ನನ್ನು ಅನ್ನುತ್ತದಾ ಅನ್ನುವುದು ಇನ್ನೊಂದು. ಅನ್ನುತ್ತದೆ. ಅದಕ್ಕೆ ನನ್ನ ಹತ್ತಿರ ಮದ್ದಿಲ್ಲ.

ಮೊದಲನೆಯದಕ್ಕೆ ಬರುತ್ತೇನೆ. ನನ್ನ ಕಾಲ ಬೇರೆ, ನಿನ್ನ ಇಲಾಖೆ ಈಗ ಬೇರೆ, ಗೊತ್ತಿಲ್ಲದೆ ಹೇಳಿದ್ದರೆ ತಳ್ಳಿಹಾಕು. ನನಗಾಗ ಜೊತೆಗೆ ಯಾರೂ ಇರಲಿಲ್ಲ. ನಿನಗೆ ಎಸ್‌ಡಿಎಂಸಿ ಇದೆ, ಪೋಷಕರು ಸೇರಿದ ಶಾಲಾಭಿವೃದ್ಧಿ ಸಮಿತಿ. 2001ರಿಂದ ನಮ್ಮಲ್ಲಿ ಅದು ಬಂದಿದೆ, 2009ರ ಶಿಕ್ಷಣ ಹಕ್ಕು ಕಾಯ್ದೆಯೂ ಇಂಥ ಸಮಿತಿಯಲ್ಲಿ ನಾಲ್ಕರಲ್ಲಿ ಮೂರು ಪಾಲು ಪೋಷಕರೇ ಇರಬೇಕು, ಅರ್ಧದಷ್ಟು ಹೆಂಗಸರಿರಬೇಕು ಅನ್ನುತ್ತದೆ. ಅಧ್ಯಕ್ಷರು ನಿನ್ನ ಜೊತೆಗಿನ ಮೇಷ್ಟ್ರ ಕಡೆಯವರು ಅಂತ ಬರೆದಿದ್ದೀಯ. ಇರಲಿ. ಉಳಿದ ತಾಯಂದಿರು ಯಾರ ಕಡೆ? ಕಿವಿ ಊದಿಸಿಕೊಂಡ ಹುಡುಗನ ಅಮ್ಮ ಸಮಿತಿಯಲ್ಲಿದ್ದಾರಾ? ಸಭೆ ಕರೆ, ನಡಾವಳಿ ಬರೆಸು, ಹೆಬ್ಬೆಟ್ಟಾದರೂ ಸರಿ ಹಾಕಿಸು. ಊರೇ ಬರೆದದ್ದಾದರೆ ಟೀಚರಮ್ಮ ಒಬ್ಬಳೇ ಬರೆದಳು ಅನ್ನುವ ಮಾತು ಸ್ವಲ್ಪ ಸಡಿಲವಾಗುತ್ತದೆ. ಪೂರ್ತಿ ಹೋಗುವುದಿಲ್ಲ.

ಹಾಜರಿ ಪುಸ್ತಕದಲ್ಲಿ ಖಾಲಿ ಮನೆ ಬಿಡಬೇಡ. ಅವತ್ತಿನ ಗೈರು ಅವತ್ತೇ ಬರೆ. ಜಗಳವಾಡಲು ಹೋಗಬೇಡ, ಬರೆದು ಸುಮ್ಮನಿರು. ಸೋಮವಾರ ಅವರು ಕೂಗಾಡಬಹುದು. ಕೂಗಾಡಿದ್ದನ್ನೂ ಒಂದು ಕಡೆ ಬರೆದಿಡು. ಶಾಲೆ ನೋಡಲು ಕ್ಲಸ್ಟರಿನ ಸಿಆರ್‌ಪಿ ಬಂದಾಗ ಕಾಫಿ ಕೊಟ್ಟು ಕಳಿಸುವ ಬದಲು, ಸಂದರ್ಶನ ಪುಸ್ತಕದಲ್ಲಿ ಅವತ್ತು ಶಾಲೆಯಲ್ಲಿ ಯಾರಿದ್ದರು, ಯಾರಿಲ್ಲ ಅಂತ ಅವರ ಕೈಯಲ್ಲೇ ಬರೆಸು. (ಕಾಫಿಯನ್ನೂ ಕೊಡು.)

ಕ್ಷೇತ್ರ ಶಿಕ್ಷಣಾಧಿಕಾರಿಗೆ, ಅಂದರೆ ಬಿಇಒಗೆ ಬರೆಯುವ ಪತ್ರದಲ್ಲಿ ಆ ಮನುಷ್ಯನ ಬಗ್ಗೆ ಕಡಿಮೆ ಬರೆ, ಮಕ್ಕಳ ಬಗ್ಗೆ ಜಾಸ್ತಿ ಬರೆ. ಅದೇ ಪತ್ರದಲ್ಲೇ ಬದಲಿ ಶಿಕ್ಷಕರ ನಿಯೋಜನೆ ಕೇಳು, ಬೇರೆ ಅರ್ಜಿ ಆಮೇಲೆ ಅಂತ ಇಟ್ಟುಕೊಳ್ಳಬೇಡ. ಪ್ರಾಥಮಿಕ ಶಾಲೆಯಲ್ಲಿ 60 ಮಕ್ಕಳವರೆಗೆ ಇಬ್ಬರು ಶಿಕ್ಷಕರು ಇರಲೇಬೇಕು ಅಂತ ಕಾಯ್ದೆಯ ಪಟ್ಟಿಯಲ್ಲೇ ಇದೆ. ನಿನ್ನ 33 ಮಕ್ಕಳಿಗೂ ಅದು ಅನ್ವಯ. ಕಾಯ್ದೆ ಇದ್ದ ಮಾತ್ರಕ್ಕೆ ಮೇಷ್ಟ್ರು ಬಂದು ಕೂರುವುದಿಲ್ಲ, ಅಷ್ಟು ನನಗೂ ಗೊತ್ತು. ಆದರೂ ನಾಳೆ ವಿಲೀನದ ಮಾತು ಬಂದಾಗ ನೀನು ಶಿಕ್ಷಕರನ್ನು ಕೇಳಿದ್ದೆ ಅನ್ನುವ ಕಾಗದ ನಿನ್ನ ಕೈಯಲ್ಲಿರಬೇಕು. ಸ್ವೀಕೃತಿ ಮೊಹರು ಮರೆಯಬೇಡ.

ಹೊಡೆತದ ವಿಷಯವನ್ನು ಗೈರಿನ ಜೊತೆ ಸೇರಿಸಿ ಒಂದು ಸಾಲು ಮಾಡಿ ಬಿಡಬೇಡ. ಅದೇ ಕಾಯ್ದೆಯ 17ನೇ ಕಲಂ ಮಕ್ಕಳಿಗೆ ಹೊಡೆಯುವುದನ್ನೂ ಮಾನಸಿಕ ಹಿಂಸೆಯನ್ನೂ ನೇರವಾಗಿ ನಿಷೇಧಿಸಿದೆ. ನಾವೆಲ್ಲ ಬೆತ್ತ ಹಿಡಿದೇ ಪಾಠ ಮಾಡಿದವರು. ಆಗ ಅದನ್ನು ಯಾರೂ ತಪ್ಪು ಅನ್ನುತ್ತಿರಲಿಲ್ಲ. ಈಗ ಮೊಮ್ಮಕ್ಕಳನ್ನು ನೋಡಿದರೆ ಕೈಗೆ ನಾಚಿಕೆಯಾಗುತ್ತದೆ.

ಇನ್ನೊಂದು ವಿಷಯ. ನೀನು ಬರೆದಿಲ್ಲ, ಆದರೂ ಕೇಳುತ್ತೇನೆ, ತಪ್ಪು ತಿಳಿಯಬೇಡ. ಹೆಣ್ಣುಮಕ್ಕಳು ಆ ಮೇಷ್ಟ್ರ ಮೇಜಿನ ಹತ್ತಿರ ಹೋಗುತ್ತಾರಾ? ಯಾರಾದರೂ ಕಾರಣ ಹೇಳದೆ ಶಾಲೆ ಬಿಟ್ಟಿದ್ದಾರಾ? ಹಾಗೇನೂ ಇಲ್ಲದಿದ್ದರೆ ದೇವರು ದೊಡ್ಡವನು. ಇದ್ದರೆ ಮಾತ್ರ ನಾನು ಮೇಲೆ ಬರೆದದ್ದೆಲ್ಲ ಮರೆತುಬಿಡು. ಸಮಿತಿ ಬೇಡ, ನಡಾವಳಿ ಬೇಡ, ಬಿಇಒ ಅನುಮತಿಯೂ ಬೇಡ. ನೇರ ಪೊಲೀಸರಿಗೆ ಹೇಳು, ಇಲ್ಲವೇ ಮಕ್ಕಳ ಸಹಾಯವಾಣಿ 1098ಕ್ಕೆ ಫೋನ್ ಮಾಡು. ಮಕ್ಕಳ ಮೇಲಿನ ಲೈಂಗಿಕ ದೌರ್ಜನ್ಯ ತಡೆಯುವ 2012ರ ಪೋಕ್ಸೊ ಕಾಯ್ದೆಯಲ್ಲಿ ಅದು ನಿನ್ನ ಇಷ್ಟಕ್ಕೆ ಬಿಟ್ಟದ್ದಲ್ಲ. ಸಂಸ್ಥೆಯ ಹೊಣೆ ಹೊತ್ತವರು ತಮ್ಮ ಕೈಕೆಳಗಿನವರ ವಿಷಯ ಗೊತ್ತಿದ್ದೂ ತಿಳಿಸದಿದ್ದರೆ ಒಂದು ವರ್ಷದವರೆಗೆ ಜೈಲು. ಮಗುವಿನ ಹೆಸರು ಮಾತ್ರ ಊರಲ್ಲಿ ಯಾರ ಬಾಯಿಗೂ ಬೀಳಬಾರದು. ಆ ಸಂದರ್ಭದಲ್ಲಿ ಶಾಲೆ ಮುಚ್ಚುತ್ತದಾ ಅಂತ ಕೇಳಲೇಬಾರದು. ಮುಚ್ಚಿದರೆ ಮುಚ್ಚಲಿ.

ಎಲ್ಲ ಸರ್ಕಾರಿ ಮೇಷ್ಟ್ರುಗಳೂ ಹೀಗೇ ಅಂತ ಹೋಟೆಲಿನಲ್ಲಿ ಕೂತು ಮಾತಾಡುವವರನ್ನು ಕಂಡರೆ ನನಗೆ ಆಗುವುದಿಲ್ಲ. 2003ರಲ್ಲಿ ವಿಶ್ವಬ್ಯಾಂಕಿನವರು ಮುಂಚೆ ತಿಳಿಸದೆ ಶಾಲೆಗಳಿಗೆ ಹೋಗಿ ನೋಡಿ, ದೇಶದಲ್ಲಿ ನಾಲ್ವರಲ್ಲಿ ಒಬ್ಬ ಶಿಕ್ಷಕ ಶಾಲೆಯಲ್ಲಿಲ್ಲ ಅಂದರು. ಆ ಮಾತನ್ನು ಇವತ್ತಿಗೂ ಎತ್ತಿ ಆಡುತ್ತಾರೆ. 2017ರಲ್ಲಿ ಅಜೀಂ ಪ್ರೇಮ್‌ಜಿ ಫೌಂಡೇಷನ್‌ನವರು ಆರು ರಾಜ್ಯಗಳ 619 ಶಾಲೆಗಳನ್ನು ನೋಡಿದಾಗ, ಇಲ್ಲದವರಲ್ಲಿ ಹೆಚ್ಚಿನವರು ರಜೆ ಮೇಲೋ ಇಲಾಖೆ ಕೆಲಸದ ಮೇಲೋ ಹೋಗಿದ್ದರು. ಕಾರಣವಿಲ್ಲದೆ ತಪ್ಪಿಸಿಕೊಂಡವರು ಒಟ್ಟು ಶಿಕ್ಷಕರಲ್ಲಿ ಶೇ. 2.5 ಮಾತ್ರ. ಇದನ್ನು ಯಾರೂ ಎತ್ತಿ ಆಡುವುದಿಲ್ಲ. ಆದರೆ ಸುಮಾ, ಆ ಎರಡೂವರೆಯಲ್ಲಿ ಒಬ್ಬರು ನಿನ್ನ ಶಾಲೆಗೆ ಬಂದು ಬಿದ್ದರೆ ಅಲ್ಲಿ ಅದು ಶೇ. 50 ಆಗುತ್ತದೆ. ದೊಡ್ಡ ಹೈಸ್ಕೂಲಿನಲ್ಲಾದರೆ ಉಳಿದವರು ಹಂಚಿಕೊಂಡು ಪಾಠ ಎಳೆಯುತ್ತಾರೆ. ನಿನ್ನಂಥ ಶಾಲೆಯಲ್ಲಿ ಹಂಚಿಕೊಳ್ಳಲು ಯಾರಿದ್ದಾರೆ?

ನಿನ್ನ ಜೊತೆಗಿನ ಮೇಷ್ಟ್ರ ಮನೆಯವರ ಜೊತೆ ಒಮ್ಮೆ ಮಾತಾಡಬಹುದಾ ನೋಡು. ಕುಡಿತ ಕಾಯಿಲೆಯೂ ಹೌದಲ್ವಾ. ನಿಮ್ಹಾನ್ಸ್‌ನಲ್ಲಿ ಅದಕ್ಕೆಂದೇ ವಿಭಾಗವಿದೆ. ನೀನೇ ಹೋಗಬೇಕಿಲ್ಲ, ಅವರಿಗೆ ಬೇಕಾದ ಸಹೋದ್ಯೋಗಿ ಯಾರಾದರೂ ಹೇಳಿದರೆ ಸಾಕು. ಆ ಜಗಲಿಯ ಮೇಲೆ ಕೂತಿದ್ದ ಹೆಣ್ಣುಮಗಳಿಗೆ ಅಂದು ಇದನ್ನು ಹೇಳುವವರು ಯಾರೂ ಇರಲಿಲ್ಲ. ಹೇಳಿದ್ದರೆ ಏನಾದರೂ ಬದಲಾಗುತ್ತಿತ್ತಾ ಅಂತ ಈಗಲೂ ಯೋಚಿಸುತ್ತೇನೆ. ಆಗುತ್ತಿರಲಿಲ್ಲ ಅಂತಲೇ ಅನ್ನಿಸುತ್ತದೆ.

ನೀನು ಬರೆದ ಮೇಲೂ 33 ಇಪ್ಪತ್ತಾಗಬಹುದು. ಬರೆಯದಿದ್ದರೂ ಆಗಬಹುದು. ನನಗೆ ಕಾಣುವ ವ್ಯತ್ಯಾಸ ಇಷ್ಟೇ: ಬರೆದರೆ ಇನ್ನೊಬ್ಬ ಮೇಷ್ಟ್ರನ್ನು ಕೇಳಲು ದಾರಿ ಇರುತ್ತದೆ, ಬರೆಯದಿದ್ದರೆ ಇರುವುದಿಲ್ಲ. ಇದು ದೊಡ್ಡ ಸಮಾಧಾನವಲ್ಲ. ಇದಕ್ಕಿಂತ ದೊಡ್ಡದನ್ನು ಹುಡುಕುತ್ತಲೇ ಈ ಪತ್ರ ಇಷ್ಟು ತಡವಾಯಿತು.

ಎಸ್‌ಡಿಎಂಸಿ ಸಭೆ ಯಾವತ್ತು ಇಟ್ಟಿದ್ದೀಯ ಅಂತ ತಿಳಿಸು. ಅವತ್ತು ನಾನೂ ಬಂದು ಹಿಂದೆ ಒಂದು ಬೆಂಚಿನ ಮೇಲೆ ಕೂರಲಾ ಅಂತ ಕೇಳಬೇಕು ಅನ್ನಿಸುತ್ತದೆ. ನಿನ್ನ ಚಿಕ್ಕಮ್ಮ ಬೇಡ ಅನ್ನುತ್ತಾಳೆ. ಚಿಕ್ಕಪ್ಪನನ್ನು ಕರೆಸಿಕೊಂಡಳು ಅಂತ ಅದಕ್ಕೂ ಒಂದು ಮಾತು ಹುಟ್ಟುತ್ತದಂತೆ. ಅವಳು ಹೇಳುವುದೇ ಸರಿ. ಸಭೆ ಮುಗಿದ ತಕ್ಷಣ ಫೋನ್ ಮಾಡು, ಎಷ್ಟು ಹೊತ್ತಾದರೂ ಪರವಾಗಿಲ್ಲ.

ಇತಿ,
ನಿನ್ನ ಚಿಕ್ಕಪ್ಪ