ಮೈಕಲ್ ಲಾನ್ಸ್‌ಡೇಲ್ ಅವರಿಗೂ ಒಂದು ಥ್ಯಾಂಕ್ಸ್

ಸೊಂಟದ ಮೂಳೆ ಕೂಡಿಕೊಂಡಿದೆ, ವಾಕರ್ ಅಟ್ಟ ಸೇರಿದೆ. ವಿಚಾರಿಸಿಕೊಂಡ ಎಲ್ಲರಿಗೂ ಒಬ್ಬೊಬ್ಬರಾಗಿ ಫೋನ್ ಮಾಡೋಕೆ ಆಗಲಿಲ್ಲ, ಅದಕ್ಕೆ ಇಲ್ಲಿ ಬರೆಯುತ್ತಿದ್ದೇನೆ. ಅತ್ತಿಗೆ ತಮ್ಮ ಮನೆ ಬಿಟ್ಟು ಬಂದು ನನಗೆ ಬೇಯಿಸಿ ಹಾಕಿದರು. ಕೆಳಗಿನ ಮನೆಯವರು ಹಾಲು, ಔಷಧಿ ನೋಡಿಕೊಂಡರು. ಫಿಸಿಯೋಥೆರಪಿ ಹುಡುಗಿ ನನ್ನ ಗೊಣಗಾಟವನ್ನೆಲ್ಲ ನಗುತ್ತಲೇ ಸಹಿಸಿಕೊಂಡಳು. ಇವರ ಋಣ ದೊಡ್ಡದು.

ಇನ್ನೊಬ್ಬರಿದ್ದಾರೆ. 2020ರ ಸೆಪ್ಟೆಂಬರ್‌ನಲ್ಲಿ ಪ್ಯಾರಿಸ್‌ನಲ್ಲಿ, 89ನೇ ವಯಸ್ಸಿನಲ್ಲಿ ತೀರಿಕೊಂಡರು. ಸಿನಿಮಾ ನಟ ಮೈಕಲ್ ಲಾನ್ಸ್‌ಡೇಲ್. ಅಕ್ಕನ ಮಗ ಹಾರ್ಡ್ ಡಿಸ್ಕ್ ತುಂಬ ಸಿನಿಮಾ ಹಾಕಿಕೊಟ್ಟಿದ್ದ. ಒಂದಾದ ಮೇಲೊಂದು ನೋಡುತ್ತಾ ಹೋದರೆ, ಮತ್ತೆ ಮತ್ತೆ ಇವರೇ ಎದುರಾಗುತ್ತಿದ್ದರು. ಹೀರೋ ಆಗಿ ಅಲ್ಲ, ಪೋಷಕ ನಟನಾಗಿ.

ಅಪ್ಪ ಇಂಗ್ಲಿಷಿನವರು, ಅಮ್ಮ ಫ್ರೆಂಚ್, ಯುದ್ಧದ ಕಾಲದ ಬಾಲ್ಯ ಮೊರೊಕ್ಕೊದಲ್ಲಿ. ಹಾಗಾಗಿ ಎರಡೂ ಭಾಷೆ ಸಲೀಸು. ಬಾಂಡ್ ಚಿತ್ರ 'ಮೂನ್‌ರೇಕರ್' (1979) ನೋಡಿದವರಿಗೆ ಇವರು ಮಾಡಿದ ಖಳನಾಯಕ ಡ್ರಾಕ್ಸ್ ನೆನಪಿರಬಹುದು. ನನಗೇನೋ ಅದು ಅಷ್ಟಕ್ಕಷ್ಟೇ. 'ಸ್ಟೋಲನ್ ಕಿಸ್ಸಸ್'ನಲ್ಲಿ (1968) ಚಪ್ಪಲಿ ಅಂಗಡಿ ಮಾಲೀಕ ಪತ್ತೇದಾರರ ಆಫೀಸಿಗೆ ಹೋಗುತ್ತಾನಲ್ಲ, ನನ್ನನ್ನು ಯಾರೂ ಯಾಕೆ ಇಷ್ಟಪಡಲ್ಲ ಅಂತ ಕಂಡುಹಿಡಿಸೋಕೆ! ಅದನ್ನು ಬ್ಯಾಂಕಿನ ಲೆಕ್ಕ ಹೇಳುವಷ್ಟೇ ತಣ್ಣಗೆ ಹೇಳುತ್ತಾರೆ. ನಕ್ಕರೆ ಸೊಂಟ ನೋಯುತ್ತಿತ್ತು, ಆದರೂ ನಕ್ಕೆ.

'ದಿ ಡೇ ಆಫ್ ದಿ ಜಾಕಲ್'ನ (1973) ಪೊಲೀಸ್ ಅಧಿಕಾರಿ ಲೆಬೆಲ್ ಇನ್ನೂ ಇಷ್ಟ. ಫ್ರಾನ್ಸಿನ ಅಧ್ಯಕ್ಷರನ್ನು ಕೊಲ್ಲಲು ಹೊರಟ ಹಂತಕನನ್ನು ಹುಡುಕುವ ಕೆಲಸ ಅವನದು. ದೊಡ್ಡವರ ಸಭೆಯಲ್ಲಿ ಒಂದು ಟೇಪ್ ಹಾಕಿ ಕೇಳಿಸುತ್ತಾನೆ. ಗುಟ್ಟು ಸೋರಿದ್ದು ಅಲ್ಲೇ ಕೂತಿದ್ದ ಒಬ್ಬರ ಮನೆಯಿಂದ. ಯಾರ ಫೋನ್ ಕದ್ದು ಕೇಳಬೇಕು ಅಂತ ನಿನಗೆ ಹೇಗೆ ಗೊತ್ತಾಯಿತು ಅಂದರೆ, ಗೊತ್ತಿರಲಿಲ್ಲ, ಅದಕ್ಕೇ ಎಲ್ಲರದ್ದೂ ಕೇಳಿಸಿಕೊಂಡೆ ಅನ್ನುತ್ತಾನೆ. ದನಿ ಏರಿಸುವುದಿಲ್ಲ, ಬೀಗುವುದಿಲ್ಲ. ಸಾಕಾದ ಮುಖ, ಅಷ್ಟೇ.

ಹಾಸಿಗೆ ಹಿಡಿದವರಿಗೆ ಸಲಹೆ ಕೊಡುವವರು ಜಾಸ್ತಿ, ಅಲ್ವಾ? ಈ ಮನುಷ್ಯ ಎದುರಿನವರ ಮಾತು ಕೇಳಿಸಿಕೊಳ್ಳುವುದನ್ನೇ ನಟನೆ ಮಾಡಿಕೊಂಡಿದ್ದರು. ದೃಶ್ಯವನ್ನು ತನ್ನ ಕಡೆ ಎಳೆದುಕೊಳ್ಳುವ ಹಟವೇ ಇಲ್ಲ. ಅವರ ಜೊತೆ ಇದ್ದಾಗ ನನಗೆ ಹಾಯೆನಿಸುತ್ತಿತ್ತು.

'ಆಫ್ ಗಾಡ್ಸ್ ಅಂಡ್ ಮೆನ್' (2010) ಮಾತ್ರ ಒಂದೇ ಸಲಕ್ಕೆ ನೋಡಿ ಮುಗಿಸೋಕೆ ಆಗಲಿಲ್ಲ. 1996ರಲ್ಲಿ ಅಲ್ಜೀರಿಯಾದ ಟಿಬಿರಿನ್ ಮಠದಿಂದ ಅಪಹರಣವಾಗಿ ಸತ್ತ ಏಳು ಸನ್ಯಾಸಿಗಳ ಕಥೆ. ಇವರು ವೈದ್ಯ ಲೂಕ್. ತನಗೇ ಉಬ್ಬಸ, ಆದರೂ ಊರವರೆಲ್ಲರಿಗೂ ಮದ್ದು ಕೊಡುತ್ತಾನೆ. ಹಳ್ಳಿಯ ಹುಡುಗಿಯೊಬ್ಬಳು ಪಕ್ಕದಲ್ಲಿ ಕೂತು ಪ್ರೀತಿಯ ಬಗ್ಗೆ ಕೇಳಿದಾಗ, ಮುಚ್ಚುಮರೆಯಿಲ್ಲದೆ ಉತ್ತರಿಸುತ್ತಾನೆ. ಕೊನೆಯ ಊಟಕ್ಕೆ ಎರಡು ಬಾಟಲಿ ವೈನ್ ತಂದಿಟ್ಟು, ಕ್ಯಾಸೆಟ್ಟಿನಲ್ಲಿ ಚೈಕೋವ್‌ಸ್ಕಿಯ 'ಸ್ವಾನ್ ಲೇಕ್' ಹಾಕುತ್ತಾನೆ. ಆ ಪಾತ್ರಕ್ಕೆ 2011ರಲ್ಲಿ ಫ್ರಾನ್ಸಿನ ಸಿನಿಮಾ ಪ್ರಶಸ್ತಿ ಸೀಸರ್ ಬಂದಾಗ ಅವರಿಗೆ 79 ವರ್ಷ. ನಟನೆಗೆ ಇಳಿದು ಅರ್ಧ ಶತಮಾನ ದಾಟಿತ್ತು.

ಬರುವ ಭಾನುವಾರ ಮಧ್ಯಾಹ್ನ ನಮ್ಮ ಮನೆಯಲ್ಲಿ 'ಜಾಕಲ್' ಹಾಕುತ್ತಿದ್ದೇನೆ. ಎಲ್ಲರೂ ಬನ್ನಿ. ಅತ್ತಿಗೆಗೆ ಅವತ್ತು ರಜೆ, ಕಾಫಿ ನಂದು.